ಹಳೇ ವಿಎಚ್‌ಎಸ್ ಟೇಪಲ್ಲಿರೋ ಕಂಪ್ಯೂಟರ್ ಕಾರ್ಯಕ್ರಮಗಳನ್ನ ಉಳಿಸ್ಕೊಳ್ಳೋದು ಹೇಗೆ

ಮೈಸೂರು ಮಂಡ್ಯ ಕಡೆ ಹಳೇ ಮನೆಗಳ ಅಟ್ಟ ಹತ್ತಿ ನೋಡಿದ್ರೆ ವಿಎಚ್‌ಎಸ್ ಟೇಪು ಸಿಗದೇ ಇರೋ ಮನೆ ಕಮ್ಮಿ. ಮುಕ್ಕಾಲುಪಾಲು ಮದುವೆ, ನಾಮಕರಣ, ಟಿವಿಲಿ ಬಂದ ಸಿನಿಮಾ, ಕ್ರಿಕೆಟ್ ಇರುತ್ತೆ. ಆದ್ರೆ ಮೇಷ್ಟ್ರುಗಳ ಮನೆ, ಮೈಸೂರಿನ ಎನ್‌ಐಇ, ಎಸ್‌ಜೆಸಿಇ, ಮಂಡ್ಯದ ಪಿಇಎಸ್ ಇಂಜಿನಿಯರಿಂಗ್ ಕಾಲೇಜುಗಳಲ್ಲಿ ಪಾಠ ಮಾಡಿದವರ ಮನೆ, ಇಂಥ ಕಡೆ ಹುಡುಕಿದ್ರೆ ಬೇರೆ ತರದ್ದೂ ಸಿಗುತ್ತೆ, 80ರ ದಶಕದಲ್ಲಿ ಟಿವಿಲಿ ಬಂದ ಕಂಪ್ಯೂಟರ್ ಪಾಠಗಳು. ಅಂಥದ್ದು ಕೈಗೆ ಸಿಕ್ಕಿದ್ರೆ ಏನು ಮಾಡ್ಬೇಕು, ಏನು ಮಾಡಲೇಬಾರದು ಅಂತ ಗೊತ್ತಿರೋದನ್ನೆಲ್ಲ ಒಂದು ಕಡೆ ಬರೆದಿಡ್ತಿದೀನಿ.

ಮೊದಲು ಏನೇನು ಸಿಗಬಹುದು ಅಂತ ತಿಳ್ಕೊಳ್ಳಿ, ಇಲ್ಲಾಂದ್ರೆ ಕಣ್ಣೆದುರಿಗೇ ಇದ್ರೂ ಬಿಟ್ಟುಬಿಡ್ತೀರ. 1984ರ ಆಗಸ್ಟ್ 15ಕ್ಕೆ ಯುಜಿಸಿ ಕಾರ್ಯಕ್ರಮ, ಅದೇ ಕಂಟ್ರಿವೈಡ್ ಕ್ಲಾಸ್‌ರೂಮ್, ದೂರದರ್ಶನದಲ್ಲಿ ಶುರುವಾಯ್ತು, ವಿಜ್ಞಾನ, ತಂತ್ರಜ್ಞಾನದ ಪಾಠ ಹಗಲು ಹೊತ್ತಲ್ಲಿ ಬರ್ತಿತ್ತು. ಹೆಚ್ಚುಕಮ್ಮಿ ಅದೇ ಟೈಮಿಗೆ ಸರ್ಕಾರ ಶಾಲೆಗಳಿಗೆ ಕಂಪ್ಯೂಟರ್ ಕಲಿಸೋ ಕ್ಲಾಸ್ ಅನ್ನೋ ಯೋಜನೆ ತಂತು, ಅದಕ್ಕೆ ತರಿಸಿದ್ದು ಬ್ರಿಟನ್ನಿನ ಏಕಾರ್ನ್ ಕಂಪನಿಯ ಬಿಬಿಸಿ ಮೈಕ್ರೋ ಅನ್ನೋ ಕಂಪ್ಯೂಟರ್. ಅದರ ಜೊತೆಗೆ ನಂಟಿರೋ ಬಿಬಿಸಿ ಸರಣಿ ದಿ ಕಂಪ್ಯೂಟರ್ ಪ್ರೋಗ್ರಾಂ, 1982ರಲ್ಲಿ ಬಂದಿದ್ದು, ಆಮೇಲೆ ಮೈಕ್ರೋ ಲೈವ್. ಅಮೆರಿಕದಲ್ಲಿದ್ದ ನೆಂಟರು ಯಾರಾದ್ರೂ ಟೇಪ್ ಕಳಿಸಿದ್ರೆ ಅದರಲ್ಲಿ ಕಂಪ್ಯೂಟರ್ ಕ್ರಾನಿಕಲ್ಸ್ ಇರಬಹುದು, ಸಿಪಿ/ಎಂ ಅನ್ನೋ ಆಪರೇಟಿಂಗ್ ಸಿಸ್ಟಮ್ ಬರೆದ ಗ್ಯಾರಿ ಕಿಲ್ಡಾಲ್ ಕೂತ್ಕೊಂಡು ಮಾತಾಡ್ತಿದ್ದ ಕಾರ್ಯಕ್ರಮ ಅದು. ಬಿಬಿಸಿಯವರು ತಮ್ಮದನ್ನ 2018ರಲ್ಲಿ ಆನ್‌ಲೈನ್ ಹಾಕಿದ್ರು, ಕ್ರಾನಿಕಲ್ಸ್ ಇಂಟರ್ನೆಟ್ ಆರ್ಕೈವ್‌ನಲ್ಲಿ ರಾಶಿ ಇದೆ. ನಮ್ಮ ಕಡೆ ಪ್ರಸಾರ ಆಗಿದ್ದಕ್ಕೆ ಆ ಭಾಗ್ಯ ಇಲ್ಲ. ಹಾಗಾಗಿ ನಿಮ್ಮ ಕೈಲಿ ಎರಡೂ ತರದ ಟೇಪ್ ಇದ್ರೆ ಮೊದಲು ಮುಟ್ಟಬೇಕಾದ್ದು ನಮ್ಮ ದೂರದರ್ಶನದ್ದನ್ನ.

ಯಾಕೆ ಈಗಲೇ ಅಂದ್ರೆ, ಟೇಪಿಗಿಂತ ಮೊದಲು ಮುಗಿದು ಹೋಗ್ತಿರೋದು ಟೇಪ್ ಓಡ್ಸೋ ಮೆಷಿನ್ನು. ಜಪಾನಿನ ಫುನಾಯ್ ಕಂಪನಿ 2016ರ ಜುಲೈನಲ್ಲಿ ವಿಸಿಆರ್ ಮಾಡೋದು ನಿಲ್ಲಿಸ್ತು, ಕೊನೆಗೆ ಉಳಿದಿದ್ದವರು ಅವರೇ. ಈಗ ಇರೋದೆಲ್ಲ ಹಳೇದು, ರಬ್ಬರ್ ಬೆಲ್ಟ್ ಸಡಿಲ ಆಗಿರುತ್ತೆ, ಟೇಪ್ ಓದೋ ಹೆಡ್ ಸವೆದಿರುತ್ತೆ, ರಿಪೇರಿ ಗೊತ್ತಿರೋವ್ರಿಗೆ ವಯಸ್ಸಾಗ್ತಿದೆ. ಇನ್ನೊಂದು ಕಾರಣ, ಆ ಕಾಲದಲ್ಲಿ ಸ್ಟುಡಿಯೋ ಟೇಪು ದುಬಾರಿ, ಪ್ರಪಂಚದಾದ್ಯಂತ ಟಿವಿ ಸಂಸ್ಥೆಗಳು ಒಂದರ ಮೇಲೆ ಇನ್ನೊಂದು ರೆಕಾರ್ಡ್ ಮಾಡಿ ಹಳೇದನ್ನ ಅಳಿಸಿಬಿಡ್ತಿದ್ರು, ಹಾಗಾಗಿ ಯಾರೋ ಮನೇಲಿ ಕೂತು ರೆಕಾರ್ಡ್ ಬಟನ್ ಒತ್ತಿದ್ದೇ ಉಳಿದಿರೋ ಒಂದೇ ಪ್ರತಿ ಆಗಿರಬಹುದು. ಫಿಲಡೆಲ್ಫಿಯಾದ ಮೇರಿಯನ್ ಸ್ಟೋಕ್ಸ್ ಅನ್ನೋ ಹೆಣ್ಣುಮಗಳು 2012ರಲ್ಲಿ ತೀರಿಕೊಳ್ಳೋ ತನಕ ದಶಕಗಟ್ಟಲೆ ಮನೇಲೇ ಟಿವಿ ಸುದ್ದಿ ರೆಕಾರ್ಡ್ ಮಾಡ್ತಾನೇ ಇದ್ರು, ಸುಮಾರು 70,000 ಟೇಪು, ಅದನ್ನೆಲ್ಲ ಆಮೇಲೆ ಇಂಟರ್ನೆಟ್ ಆರ್ಕೈವ್ ತಗೊಂಡ್ತು. ಅಷ್ಟು ದೂರ ಯಾಕೆ, ನಮ್ಮ ಮೈಸೂರಿನ ಓರಿಯಂಟಲ್ ಲೈಬ್ರರಿಗೆ ಬಂದ ಒಂದು ಕಟ್ಟು ತಾಳೆಗರಿಯಲ್ಲಿ ಕೌಟಿಲ್ಯನ ಅರ್ಥಶಾಸ್ತ್ರ ಇದೆ ಅಂತ ಶಾಮಾಶಾಸ್ತ್ರಿಗಳು 1905ರಲ್ಲಿ ಗುರುತಿಸಿದ್ದು, 1909ರಲ್ಲಿ ಅಚ್ಚು ಹಾಕ್ಸಿದ್ದು, ಅದಕ್ಕೂ ಮುಂಚೆ ಯಾರೋ ಅದನ್ನ ಬಿಸಾಡದೆ ಇಟ್ಕೊಂಡಿದ್ರಿಂದ ತಾನೇ.

ಟೇಪ್ ಹುಡುಕುವಾಗ ಮೇಲಿನ ಚೀಟಿ ನಂಬಬೇಡಿ. ಮಂಡ್ಯದಲ್ಲಿ ರಿಟೈರ್ಡ್ ಮೇಷ್ಟ್ರೊಬ್ಬರ ಮನೇಲಿ ಸಿಕ್ಕಿದ್ದ ಟೇಪಿನ ಬೆನ್ನ ಮೇಲೆ ನೀಲಿ ಬಾಲ್‌ಪೆನ್ನಲ್ಲಿ "ಯು.ಜಿ.ಸಿ. ಗಣಕ" ಅಂತ ಬರೆದು, ಅದರ ಮೇಲೆ ಗೀಟು ಎಳೆದು "ಮದುವೆ" ಅಂತ ತಿದ್ದಿತ್ತು. ಮೇಷ್ಟ್ರ ಮನೆಯವರು ಟೇಪ್ ಕೈಗೆ ಕೊಡೋವಾಗ "ಅದ್ರಲ್ಲಿ ನಮ್ ನಾದಿನಿ ಮದ್ವೆ ಐತೆ ಕಣಪ್ಪ, ಅಳಿಸ್ಗಿಳಿಸ್ಬುಟ್ಟೀಯ" ಅಂದ್ರು. ಮದುವೆ ಒಂದೂವರೆ ಗಂಟೆಗೆ ಮುಗಿಯುತ್ತೆ, ಒಂದು ನಿಮಿಷ ಬರೀ ಮಂಜು, ಅಂದ್ರೆ ಚುಕ್ಕಿ ಚುಕ್ಕಿ ಪರದೆ, ಆಮೇಲೆ ಅರ್ಧಕ್ಕೇ ಶುರುವಾಗುತ್ತೆ ಕಂಪ್ಯೂಟರ್ ಪಾಠ, ಮದುವೆ ರೆಕಾರ್ಡಿಂಗ್ ತಲುಪದೇ ಇದ್ದ ಜಾಗ ಅದು. ಅದಕ್ಕೇ ಹೇಳೋದು, ಪ್ರತಿ ಟೇಪನ್ನೂ ಕೊನೆ ತನಕ ನೋಡಿ. ಇ-180 ಟೇಪ್ ಅಂದ್ರೆ ಪಾಲ್ ಅನ್ನೋ ನಮ್ಮ ದೇಶದ ಟಿವಿ ಸಿಸ್ಟಮ್ಮಲ್ಲಿ 3 ಗಂಟೆ, ಎಲ್‌ಪಿ ಅನ್ನೋ ಅರ್ಧ ಸ್ಪೀಡಲ್ಲಿ ಮಾಡಿದ್ರೆ 6 ಗಂಟೆ. ಮತ್ತೆ ಮನೆಯವರ ಮದುವೇನೂ ಕಾಪಿ ಮಾಡಿ ಕೊಡಿ, ಅದು ಅವರಿಗೆ ಮುಖ್ಯ, ಮುಂದಿನ ಸಲ ಪಕ್ಕದ ಮನೆಯವರೂ ತಮ್ಮ ಟೇಪು ತಂದುಕೊಡ್ತಾರೆ.

ಟೇಪ್ ಕೈಗೆ ಬಂದ ತಕ್ಷಣ ಮೊದಲ ಕೆಲಸ, ಬೆನ್ನಿನ ಎಡಮೂಲೆಯಲ್ಲಿರೋ ಪುಟ್ಟ ಪ್ಲಾಸ್ಟಿಕ್ ಪಟ್ಟಿ ಮುರಿದುಹಾಕಿ. ಅದು ಇಲ್ದಿದ್ರೆ ಯಾವ ವಿಸಿಆರೂ ಅದರ ಮೇಲೆ ರೆಕಾರ್ಡ್ ಮಾಡಲ್ಲ. ಅಲ್ಲಿ ಯಾರಾದ್ರೂ ಗಮ್ ಟೇಪ್ ಅಂಟಿಸಿದ್ರೆ ಕಿತ್ತುಹಾಕಿ. ಆಮೇಲೆ ಟಾರ್ಚ್ ಹಿಡಿದು ಮೇಲಿನ ಕಿಟಕಿಯಿಂದ ಸುರುಳಿ ನೋಡಿ. ಕಪ್ಪಗೆ, ಒಂದೇ ಸಮ, ಹೊಳೀತಿದ್ರೆ ಸರಿ. ಬೂದಿ ಉದುರಿಸಿದ ಹಾಗೆ ಬಿಳಿ ಬಿಳಿ ಕಂಡ್ರೆ ಅದು ಬೂಸ್ಟು. ಮಳೆಗಾಲದಲ್ಲಿ ಹೆಂಚಿನ ಮನೆ ಅಟ್ಟದಲ್ಲಿ ಇಟ್ಟಿದ್ದಕ್ಕೆ ಬೂಸ್ಟು ಹಿಡಿಯೋದು ಸಾಮಾನ್ಯ. ಬೂಸ್ಟಿರೋ ಟೇಪನ್ನ ದಯವಿಟ್ಟು ಒಳ್ಳೇ ವಿಸಿಆರ್‌ಗೆ ಹಾಕ್ಬೇಡಿ, ಹೆಡ್ಡಿಗೆ ಮೆತ್ತಿಕೊಂಡು ಅದರ ನಂತರ ಹಾಕೋ ಪ್ರತಿ ಟೇಪಿಗೂ ಹರಡುತ್ತೆ. ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಗಟ್ಟಿ ಮುಚ್ಚಳದ ಡಬ್ಬಿಲಿ ಕೆಲವು ವಾರ ಇಟ್ಟು ಪೂರ್ತಿ ಒಣಗಿಸಿ, ಮಾಸ್ಕ್ ಹಾಕ್ಕೊಂಡು ಮನೆ ಹೊರಗಡೆ ಮೆತ್ತನೆ ಬ್ರಷ್ಷಲ್ಲಿ ಹೊರಗಿನ ಪುಡಿ ತೆಗೀರಿ, ಅದಕ್ಕೇ ಅಂತ ಒಂದು ಹಳೇ ವಿಸಿಆರ್ ಬೇರೆ ಇಟ್ಕೊಳ್ಳಿ. ಬಿಸಿಲಿಗೆ ಮಾತ್ರ ಒಣಹಾಕ್ಬೇಡಿ, ಓವನ್ನಲ್ಲಿ ಬೇಯಿಸೋ ಕತೆ ಎಲ್ಲಾದ್ರೂ ಓದಿದ್ರೆ ಅದನ್ನ ಮನೇಲಿ ವಿಎಚ್‌ಎಸ್ ಮೇಲೆ ಮಾಡಕ್ಕೆ ಹೋಗ್ಬೇಡಿ.

ಟೇಪ್ ತುಂಡಾಗಿದ್ರೆ ಗಾಬರಿ ಬೇಡ. ಡಬ್ಬಿ ಕೆಳಗೆ 5 ಸ್ಕ್ರೂ ಇರುತ್ತೆ, ಬಿಚ್ಚಬಹುದು. ಜೋಡಿಸೋಕೆ ಸ್ಪ್ಲೈಸಿಂಗ್ ಟೇಪೇ ಬೇಕು, ಅಂಗಡಿ ಸೆಲೋ ಟೇಪಿನ ಅಂಟು ಕರಗಿ ಹೆಡ್ಡಿಗೆ ಹತ್ಕೊಳ್ಳುತ್ತೆ.

ವಿಸಿಆರ್ ಎಲ್ಲಿ ಸಿಗುತ್ತೆ ಅಂದ್ರೆ, ಹಳೇ ಮದುವೆ ವಿಡಿಯೋದವರನ್ನ ಹುಡುಕಿ. ಮೈಸೂರಲ್ಲೂ ಮಂಡ್ಯದಲ್ಲೂ 90ರ ದಶಕದಲ್ಲಿ ಶೂಟಿಂಗು, ಮಿಕ್ಸಿಂಗು ಮಾಡ್ತಿದ್ದವರ ಹತ್ರ ಒಳ್ಳೇ ಮೆಷಿನ್ ಇರ್ತಿತ್ತು, ಕೆಲವರ ಹತ್ರ ಎಸ್-ವಿಎಚ್‌ಎಸ್ (ವಿಎಚ್‌ಎಸ್‌ಗಿಂತ ಸ್ಪಷ್ಟ ಚಿತ್ರ ಕೊಡೋದು) ಕೂಡ, ಎಷ್ಟೋ ಜನ ಅದನ್ನ ಗುಜರಿಗೆ ಹಾಕೋಕೂ ಮನಸ್ಸಿಲ್ದೆ ಮೂಲೇಲಿ ಇಟ್ಟಿರ್ತಾರೆ. ಬಾಡಿಗೆಗೆ ಓಡ್ತಿದ್ದ ವಿಸಿಪಿ (ಬರೀ ಪ್ಲೇ ಮಾಡೋ ಮೆಷಿನ್) ಬೇಡ, ಹೆಡ್ಡು ತಿಂದುಹೋಗಿರುತ್ತೆ. ಎಸ್-ವಿಡಿಯೋ ಸಾಕೆಟ್ ಇರೋ ಮೆಷಿನ್ ಸಿಕ್ಕಿದ್ರೆ ಅದನ್ನೇ ಹಿಡ್ಕೊಳ್ಳಿ. ಮೊದಲು ಬೇಡದ ಟೇಪ್ ಹಾಕಿ ನೋಡಿ, ಅದನ್ನ ಅಗಿಯದೆ ಹೊರಗೆ ಕೊಟ್ಟ ಮೇಲೆ ನಿಮ್ಮ ಟೇಪ್ ಹಾಕಿ.

ಹೆಡ್ ಕ್ಲೀನ್ ಮಾಡೋದು ಸರಿಯಾಗಿ ಕಲೀರಿ, ಇಡೀ ಕೆಲಸದಲ್ಲಿ ಕೈ ಕೆಡೋ ಜಾಗ ಇದೊಂದೇ. ಪಾಲ್ ವಿಸಿಆರ್‌ನ ಡ್ರಮ್ಮು, ಅಂದ್ರೆ ಟೇಪು ಸುತ್ಕೊಂಡು ಓಡೋ ಉರುಳೆ, ನಿಮಿಷಕ್ಕೆ 1500 ಸುತ್ತು ತಿರುಗುತ್ತೆ, ಅದರ ಅಂಚಲ್ಲಿರೋ ಹೆಡ್ಡಿನ ತುದಿ ತುಂಬಾ ಸೂಕ್ಷ್ಮ, ಹತ್ತಿ ಸುತ್ತಿದ ಕಡ್ಡಿ ಹಾಕಿದ್ರೆ ಎಳೆ ಸಿಕ್ಕಿಕೊಂಡು ತುದಿ ಮುರಿದೇ ಹೋಗುತ್ತೆ. 99% ಐಸೋಪ್ರೊಪೈಲ್ ಆಲ್ಕೋಹಾಲ್ ತಗೊಂಡು, ಬಿಳಿ ಕಾಗದದ ಸಣ್ಣ ಪಟ್ಟಿ ಅಥವಾ ಶ್ಯಾಮಿ ಚರ್ಮದ ಕಡ್ಡಿ ನೆನೆಸಿ, ಪ್ಲಗ್ ಕಿತ್ತು, ಪಟ್ಟಿಯನ್ನ ಡ್ರಮ್ಮಿಗೆ ಮೆತ್ತಗೆ ಒತ್ತಿ ಹಿಡ್ಕೊಂಡು ಇನ್ನೊಂದು ಕೈಲಿ ಡ್ರಮ್ಮನ್ನ ಮೇಲುಗಡೆಯಿಂದ ತಿರುಗಿಸಬೇಕು. ಕೈ ಆಡಬಾರದು, ಡ್ರಮ್ಮು ಆಡಬೇಕು, ಮೇಲೆ ಕೆಳಗೆ ಅಂತೂ ಉಜ್ಜಲೇಬಾರದು. ಪಟ್ಟಿ ಮೇಲೆ ಕಂದು ಗೆರೆ ಬರೋದು ನಿಲ್ಲೋ ತನಕ ಮಾಡಿ, ಒಣಗಕ್ಕೆ ಬಿಡಿ. ಇನ್ನು ವರ್ಷಗಟ್ಟಲೆ ಮಲಗಿರೋ ಟೇಪನ್ನ ಪ್ಲೇ ಮಾಡೋ ಮುಂಚೆ ಒಂದ್ಸಲ ಕೊನೆ ತನಕ ಫಾರ್ವರ್ಡ್, ವಾಪಸ್ ರಿವೈಂಡ್ ಮಾಡಿದ್ರೆ ಸುರುಳಿ ಸಡಿಲವಾಗಿ ಒಂದೇ ಬಿಗಿಗೆ ಬರುತ್ತೆ.

ಕರೆಂಟಿನ ವಿಷಯ. ಟೇಪ್ ಓಡ್ತಿರೋವಾಗ ಕರೆಂಟ್ ಹೋದ್ರೆ ಟೇಪು ಡ್ರಮ್ಮಿಗೆ ಸುತ್ಕೊಂಡೇ ನಿಂತುಬಿಡುತ್ತೆ, ವಾಪಸ್ ಬಂದಾಗ ಜರ್ಕ್ ಹೊಡೆದು ಸುಕ್ಕಾಗುತ್ತೆ. ಹಾಗಾಗಿ ವಿಸಿಆರು, ಕಂಪ್ಯೂಟರು ಎರಡೂ ಯುಪಿಎಸ್ ಮೇಲೇ ಇರಲಿ. ಸ್ಟೆಬಿಲೈಸರ್, ದೊಡ್ಡ ಸ್ಪೀಕರ್ ಹತ್ರ ಮಾತ್ರ ಟೇಪ್ ಜೋಡಿಸಿಡಬೇಡಿ.

ಈಗ ಕಂಪ್ಯೂಟರ್‌ಗೆ ತಗೊಳ್ಳೋದು. ವಿಸಿಆರ್‌ನಿಂದ ಬರೋ ಸಿಗ್ನಲ್ ಗಡಿಯಾರದ ಹಾಗೆ ನೆಟ್ಟಗಿರಲ್ಲ, ಚಿತ್ರದ ಪ್ರತಿ ಗೆರೆಯೂ ಒಂಚೂರು ಹಿಂದೆ ಮುಂದೆ ಆಡುತ್ತೆ, ಹಳೇ ಟಿವಿ ಅದನ್ನ ಸಹಿಸ್ಕೊಳ್ತಿತ್ತು, ಅಗ್ಗದ ಯುಎಸ್‌ಬಿ ಕ್ಯಾಪ್ಚರ್ ಡಬ್ಬಿ, ಅಂದ್ರೆ ಸಿಗ್ನಲ್ಲನ್ನ ಕಂಪ್ಯೂಟರ್ ಫೈಲ್ ಮಾಡೋ ಡಬ್ಬಿ, ಸಹಿಸಲ್ಲ, ಫ್ರೇಮ್ ಉದುರಿಸುತ್ತೆ, ಆಮೇಲೆ ಮಾತಿಗೂ ತುಟಿಗೂ ತಾಳೆ ಆಗಲ್ಲ. ಅದನ್ನ ಸರಿ ಮಾಡೋದು ಟೈಮ್ ಬೇಸ್ ಕರೆಕ್ಟರ್, ಟಿಬಿಸಿ ಅಂತಾರೆ. ಬೇರೆ ಟಿಬಿಸಿ ಡಬ್ಬಿಗೆ ಈಗ ಬೆಲೆ ಜಾಸ್ತಿ. ಕೆಲವು ಎಸ್-ವಿಎಚ್‌ಎಸ್ ಮೆಷಿನ್ನಲ್ಲೇ ಇರುತ್ತೆ. ಅದೂ ಸಿಗದೇ ಇದ್ರೆ ಪ್ಯಾನಾಸೋನಿಕ್‌ನ ಇಎಸ್10, ಇಎಸ್15 ತರದ ಹಳೇ ಡಿವಿಡಿ ರೆಕಾರ್ಡರ್ ಹುಡುಕಿ, ಅದರಲ್ಲಿ ರೆಕಾರ್ಡ್ ಮಾಡೋದಲ್ಲ, ವಿಸಿಆರ್‌ಗೂ ಕ್ಯಾಪ್ಚರ್ ಡಬ್ಬಿಗೂ ನಡುವೆ ಇಟ್ಟು ಸಿಗ್ನಲ್ ಅದರೊಳಗಿಂದ ಹಾಯಿಸೋದು, ಬಾಗಿದ ಚಿತ್ರ ನೆಟ್ಟಗಾಗೋದು ಕಣ್ಣಿಗೇ ಕಾಣುತ್ತೆ.

ಸೆಟ್ಟಿಂಗ್ ಹೀಗಿರಲಿ: ಪಾಲ್, 720 × 576, ಸೆಕೆಂಡಿಗೆ 25 ಫ್ರೇಮ್, ಇಂಟರ್‌ಲೇಸ್ (ಒಂದು ಬಿಟ್ಟು ಒಂದು ಗೆರೆ ಬರೆಯೋ ಪದ್ಧತಿ) ಇರೋದು ಇರೋ ಹಾಗೇ, ಧ್ವನಿ 48 ಕಿಲೋಹರ್ಟ್ಸ್ ಪಿಸಿಎಂ. ವರ್ಚುವಲ್‌ಡಬ್ ಅನ್ನೋ ಸಾಫ್ಟ್‌ವೇರ್ ಫ್ರೀ ಸಿಗುತ್ತೆ, ಅದರಲ್ಲಿ ಹಫ್‌ವೈಯುವಿ ಅಥವಾ ಲಾಗರಿತ್ ಕೋಡೆಕ್ (ವಿಡಿಯೋ ಒತ್ತಿ ಚಿಕ್ಕದು ಮಾಡೋ ವಿಧಾನ) ಹಾಕ್ಕೊಂಡು ಕ್ಯಾಪ್ಚರ್ ಮಾಡಿ, ಆಮೇಲೆ ಇನ್ನೊಂದು ಫ್ರೀ ಸಾಫ್ಟ್‌ವೇರ್ ಎಫ್‌ಎಫ್‌ಎಂಪೆಗ್‌ನಿಂದ ಎಫ್‌ಎಫ್‌ವಿ1ಗೆ ಬದಲಾಯಿಸಿ ಎಂಕೆವಿ ಫೈಲಲ್ಲಿಡಿ. ಈ ಮೂರರಲ್ಲೂ ಒಂದು ಚುಕ್ಕಿ ಕೂಡ ಕಳೆದುಹೋಗಲ್ಲ, ಎಫ್‌ಎಫ್‌ವಿ1 ಅಂತೂ ದೊಡ್ಡ ದೊಡ್ಡ ಆರ್ಕೈವ್‌ಗಳು ನೆಚ್ಚಿಕೊಂಡಿರೋ ಫಾರ್ಮ್ಯಾಟು. ಹಫ್‌ವೈಯುವಿಲಿ ಗಂಟೆಗೆ 30ರಿಂದ 40 ಜಿಬಿ ಆಗುತ್ತೆ. ಜಾಸ್ತಿ ಅನ್ಸುತ್ತೆ, ಆದ್ರೆ ಹಾರ್ಡ್ ಡಿಸ್ಕ್ ಮತ್ತೆ ಸಿಗುತ್ತೆ, ಟೇಪು ಸಿಗಲ್ಲ. ನೇರ ಎಂಪಿ4ಗೆ ರೆಕಾರ್ಡ್ ಮಾಡಿ ಟೇಪ್ ಬಿಸಾಡೋವ್ರನ್ನ ನೋಡಿದ್ರೆ ಹೊಟ್ಟೆ ಉರಿಯುತ್ತೆ.

ಅಮೆರಿಕದಿಂದ ಬಂದ ಟೇಪು ಅಲ್ಲಿನ ಟಿವಿ ಸಿಸ್ಟಮ್ಮಾದ ಎನ್‌ಟಿಎಸ್‌ಸಿ, 525 ಗೆರೆ, ಸೆಕೆಂಡಿಗೆ 29.97 ಫ್ರೇಮು. ನಮ್ಮಲ್ಲಿದ್ದ ಎಷ್ಟೋ ಮಲ್ಟಿಸಿಸ್ಟಮ್ ವಿಸಿಆರ್ ಅದನ್ನ ಪಾಲ್ ಟಿವಿಲಿ ತೋರಿಸೋಕೆ ಅಂತ ಪಾಲ್-60 ಅನ್ನೋ ಕಲಬೆರಕೆ ಸಿಗ್ನಲ್ ಕೊಡುತ್ತೆ, ಟಿವಿಲಿ ಚೆನ್ನಾಗೇ ಕಾಣುತ್ತೆ, ಕ್ಯಾಪ್ಚರ್ ಡಬ್ಬಿಲಿ ಮಾತ್ರ ಕಪ್ಪುಬಿಳುಪು ಇಲ್ಲಾ ಉರುಳೋ ಚಿತ್ರ. ವಿಸಿಆರ್ ಸ್ವಿಚ್ಚಲ್ಲಿ ಶುದ್ಧ ಎನ್‌ಟಿಎಸ್‌ಸಿ ಇದೆಯಾ ನೋಡಿ, ಇದ್ರೆ ಅದಕ್ಕೆ ಹಾಕಿ ಕ್ಯಾಪ್ಚರನ್ನೂ ಎನ್‌ಟಿಎಸ್‌ಸಿ 720 × 480ಕ್ಕೆ ಬದಲಾಯಿಸಿ.

ಇದೆಲ್ಲ ಯಾವ ಟೇಪಿಗಾದ್ರೂ ಅನ್ವಯ ಆಗೋದೇ. ಕಂಪ್ಯೂಟರ್ ಕಾರ್ಯಕ್ರಮಕ್ಕೆ ಅಂತಲೇ ಇರೋ ಮುಖ್ಯವಾದ ಮಾತು ಒಂದಿದೆ: ಮಾಸ್ಟರ್ ಕಾಪಿನ, ಅಂದ್ರೆ ಮೊದಲು ತೆಗೆದ ಮೂಲ ಫೈಲನ್ನ, ಚಂದ ಮಾಡಕ್ಕೆ ಹೋಗ್ಬೇಡಿ. ಮದುವೆ ವಿಡಿಯೋದಲ್ಲಿ ಮುಖ ಕಂಡ್ರೆ ಸಾಕು, ಇಲ್ಲಿ ಬೆಲೆ ಇರೋದು ಆ ಸ್ಟುಡಿಯೋ ಮೇಜಿನ ಮೇಲಿರೋ ಮಾನಿಟರ್ ಒಳಗೆ. ಅದರಲ್ಲಿ ಸರಸರ ಅಂತ ಹಾಯೋ ಬೇಸಿಕ್ ಭಾಷೆಯ ಪ್ರೋಗ್ರಾಂ, ಯಾವ ಸಾಫ್ಟ್‌ವೇರ್, ಯಾವ ವರ್ಷನ್, ಡಿಸ್ಕಾ ಕ್ಯಾಸೆಟ್ಟಾ, ಎಲ್ಲ ಅಲ್ಲೇ ಇರೋದು. ನಾಯ್ಸ್ ರಿಡಕ್ಷನ್ ಹಾಕಿದ್ರೆ ಅದು ಮಂಜಿನ ಜೊತೆಗೆ ಸಣ್ಣ ಅಕ್ಷರಗಳನ್ನೂ ನಾಯ್ಸೇ ಅಂದ್ಕೊಂಡು ಒರೆಸಿಬಿಡುತ್ತೆ, ಸೊನ್ನೆ ಯಾವುದು ಎಂಟು ಯಾವುದು ಗೊತ್ತಾಗಲ್ಲ. ಎಐ ಅಪ್‌ಸ್ಕೇಲ್ ಇನ್ನೂ ಅಪಾಯ, ಇಲ್ಲದ ಅಕ್ಷರ ತಾನೇ ಬರೆದು ಇಡುತ್ತೆ.

ಮಾನಿಟರ್ ಮೇಲೆ ಕಪ್ಪು ಪಟ್ಟಿಯೊಂದು ಮೇಲಿಂದ ಕೆಳಕ್ಕೆ ಉರುಳ್ತಾ ಇದ್ರೆ ಟೇಪ್ ಕೆಟ್ಟಿದೆ ಅಂದ್ಕೋಬೇಡಿ. ಸ್ಟುಡಿಯೋ ಕ್ಯಾಮೆರಾದ ವೇಗಕ್ಕೂ ಆ ಮಾನಿಟರ್ ಪರದೆ ಬರೆಯೋ ವೇಗಕ್ಕೂ ಹೊಂದಿಕೆ ಆಗದೇ ಇದ್ದಾಗ ಶೂಟಿಂಗ್ ದಿನವೇ ಬಂದ ಪಟ್ಟಿ ಅದು. ಟೇಪಿನ ದೋಷ ಆದ್ರೆ ಇಡೀ ಚಿತ್ರದ ಮೇಲೆ, ಮಾತಾಡೋವ್ರ ಮುಖದ ಮೇಲೂ ಗೆರೆ ಬರುತ್ತೆ, ಬರೀ ಮಾನಿಟರ್ ಒಳಗಷ್ಟೇ ಇರಲ್ಲ. ಅಂಥ ಗೆರೆಗೆ ಟ್ರ್ಯಾಕಿಂಗ್ ಗುಂಡಿ ತಿರುಗಿಸಿ ನೋಡಿ.

ಅಂಚು ಕತ್ತರಿಸೋದೂ ಬೇಡ. ಕ್ಯಾಪ್ಚರ್ ಮಾಡಿದಾಗ ಚಿತ್ರದ ಕೆಳಗೆ ಗಿಜಿಗಿಜಿ ಪಟ್ಟಿ, ಪಕ್ಕದಲ್ಲಿ ಕಪ್ಪು ಅಂಚು ಕಾಣುತ್ತೆ, ಹಳೇ ಟಿವಿ ಅದನ್ನ ಮರೆಮಾಡ್ತಿತ್ತು. ಕತ್ತರಿಸೋಣ ಅನ್ಸುತ್ತೆ. ಆದ್ರೆ ಆ ಕಾಲದವರು ಟಿವಿ ಸಿಗ್ನಲ್ಲಲ್ಲೇ ಕಂಪ್ಯೂಟರ್ ಪ್ರೋಗ್ರಾಂ ಕಳಿಸ್ತಿದ್ರು. ಬ್ರಿಟನ್ನಿನ ಚಾನೆಲ್ 4ರಲ್ಲಿ ಒಂದು ಕಾರ್ಯಕ್ರಮದವರು ಪರದೆ ಮೇಲೆ ಮಿಣಮಿಣ ಅನ್ನೋ ಒಂದು ಚುಕ್ಕಿ ಇಡ್ತಿದ್ರು, ಬೆಳಕು ಗುರುತಿಸೋ ಸೆನ್ಸರನ್ನ ಟಿವಿ ಗಾಜಿಗೆ ಅಂಟಿಸಿದ್ರೆ ಮನೆ ಕಂಪ್ಯೂಟರ್‌ಗೆ ಪ್ರೋಗ್ರಾಂ ಇಳೀತಿತ್ತು. ಬಿಬಿಸಿಯ ಸೀಫ್ಯಾಕ್ಸ್ ಅನ್ನೋ ಟೆಲಿಟೆಕ್ಸ್ಟಲ್ಲಿ, ಅಂದ್ರೆ ಟಿವಿ ಸಿಗ್ನಲ್ ಜೊತೆ ಬರೋ ಅಕ್ಷರದ ಪುಟಗಳಲ್ಲಿ, ಬಿಬಿಸಿ ಮೈಕ್ರೋ ಪ್ರೋಗ್ರಾಂ ಬರ್ತಿತ್ತು. ರೇಡಿಯೋದಲ್ಲಂತೂ ಕೀಂ ಕೀಂ ಸದ್ದಿನ ರೂಪದಲ್ಲಿ ಪ್ರಸಾರ ಮಾಡಿ ಕ್ಯಾಸೆಟ್ಟಿಗೆ ತುಂಬ್ಕೊಳ್ಳಿ ಅಂತಿದ್ರು. ಹಾಗಾಗಿ ಟೇಪಲ್ಲಿ ಕರ್ಕಶ ಸದ್ದು, ಅರ್ಥವಾಗದ ಮಿನುಗು ಏನಿದ್ರೂ ಅದು ಹಾಗೇ ಇರಲಿ. ಟೆಲಿಟೆಕ್ಸ್ಟ್ ಮಾತ್ರ ಚಿತ್ರಕ್ಕಿಂತ ಮೇಲಿನ, ಕಣ್ಣಿಗೆ ಕಾಣದ ಗೆರೆಗಳಲ್ಲಿರುತ್ತೆ, ಸಾಮಾನ್ಯ ಡಬ್ಬಿ ಅದನ್ನ ಹಿಡಿಯಲ್ಲ. ಎಲೆಕ್ಟ್ರಾನಿಕ್ಸ್ ಕೆಲಸ ಗೊತ್ತಿರೋವ್ರು ವಿಎಚ್‌ಎಸ್-ಡಿಕೋಡ್ ಅನ್ನೋ ಫ್ರೀ ಪ್ರಾಜೆಕ್ಟ್ ನೋಡಿ, ವಿಸಿಆರ್ ಹೆಡ್ಡಿನಿಂದ ಬರೋ ಕಚ್ಚಾ ಸಿಗ್ನಲ್ಲನ್ನೇ ರೆಕಾರ್ಡ್ ಮಾಡಿ ಉಳಿದಿದ್ದೆಲ್ಲ ಸಾಫ್ಟ್‌ವೇರಲ್ಲೇ ಮಾಡುತ್ತೆ.

ಹಾಗಾದ್ರೆ ಮಸುಕಾಗಿರೋ ಪ್ರೋಗ್ರಾಂ ಓದೋದು ಹೇಗೆ? ಇದಕ್ಕೊಂದು ಒಳ್ಳೇ ಉಪಾಯ ಇದೆ. ಬಿಬಿಸಿ ಮೈಕ್ರೋದ 40 ಅಕ್ಷರದ ಸಾಲು ವಿಎಚ್‌ಎಸ್‌ನಲ್ಲೂ ಹೆಚ್ಚುಕಮ್ಮಿ ಓದಬಹುದು, 80 ಅಕ್ಷರದ್ದು ಕಷ್ಟ. ಪಾಠದಲ್ಲಿ ಲಿಸ್ಟಿಂಗನ್ನ, ಅಂದ್ರೆ ಪ್ರೋಗ್ರಾಂ ಸಾಲುಗಳನ್ನ, 4 ಸೆಕೆಂಡು ಅಲ್ಲಾಡದೆ ತೋರಿಸಿದ್ರೂ ನಿಮಗೆ 100 ಫ್ರೇಮ್ ಸಿಕ್ಕಿತು. ಆ ನೂರನ್ನೂ ಚಿತ್ರಗಳಾಗಿ ತೆಗೆದು ಫ್ರೀ ಸಾಫ್ಟ್‌ವೇರ್ ಆದ ಇಮೇಜ್‌ಮ್ಯಾಜಿಕ್‌ನಲ್ಲಿ ಸರಾಸರಿ ಮಾಡಿ. ಮಂಜು ಪ್ರತಿ ಫ್ರೇಮಲ್ಲೂ ಬೇರೆ ಬೇರೆ ಜಾಗದಲ್ಲಿರುತ್ತೆ, ಅಕ್ಷರ ಒಂದೇ ಜಾಗದಲ್ಲಿರುತ್ತೆ, ಹಾಗಾಗಿ ಮಂಜು ಹತ್ತರಲ್ಲಿ ಒಂದು ಪಾಲಿಗೆ ಇಳಿದು ಅಕ್ಷರ ಮೇಲೆದ್ದು ಬರುತ್ತೆ. ಆ ಮಂಡ್ಯದ ಟೇಪಲ್ಲಿ ಹೀಗೆ ಮಾಡಿದಾಗ 10ನೇ ಸಾಲಿಂದ ಶುರುವಾಗೋ ಪುಟ್ಟ ಲಿಸ್ಟಿಂಗ್ ಒಂದು ಪೂರ್ತಿ ಓದೋಕೆ ಬಂತು, ಫಾರ್ ನೆಕ್ಸ್ಟ್ ಲೂಪ್ ಹಾಕಿ ಮಗ್ಗಿ ಬರೆಸೋ ಪ್ರೋಗ್ರಾಂ. ಅದನ್ನ ಬ್ರೌಸರಲ್ಲೇ ಓಡೋ ಬಿಬಿಸಿ ಮೈಕ್ರೋ ಎಮ್ಯುಲೇಟರ್ (ಆ ಕಂಪ್ಯೂಟರಿನ ನಕಲು ಸಾಫ್ಟ್‌ವೇರ್), ಜೆಎಸ್‌ಬೀಬ್ ಅಂತ, ಅದರಲ್ಲಿ ಟೈಪ್ ಮಾಡಿದ್ರೆ ಓಡ್ತು, ಟಿವಿಲಿ ಬಂದ ಹಾಗೇ ಮಗ್ಗಿ ಇಳೀತು. ಈ ಉಪಾಯ ನಡೀಬೇಕಂದ್ರೆ ಎರಡು ಇರಬೇಕು, ಟಿಬಿಸಿಯಿಂದ ನೆಟ್ಟಗಾದ ಚಿತ್ರ, ಮತ್ತೆ ನಷ್ಟ ಇಲ್ಲದ ಮಾಸ್ಟರ್.

ನೋಡೋಕೆ, ಹಂಚೋಕೆ ಬೇರೆ ಕಾಪಿ ಮಾಡ್ಕೊಳ್ಳಿ. ಅದರಲ್ಲಿ ಬೇಕಾದ್ರೆ ಅಂಚು ಕತ್ತರಿಸಿ, ಬಣ್ಣ ಸರಿ ಮಾಡಿ, ಎಫ್‌ಎಫ್‌ಎಂಪೆಗ್‌ನ ಬಿಡಬ್ಲ್ಯೂಡಿಐಎಫ್ ಫಿಲ್ಟರಲ್ಲಿ ಡಿಇಂಟರ್‌ಲೇಸ್ ಮಾಡಿ ಸೆಕೆಂಡಿಗೆ 50 ಫ್ರೇಮ್ ಇಟ್ರೆ ಚಲನೆ ಟಿವಿಲಿ ನೋಡಿದ ಹಾಗೇ ನುಣ್ಣಗಿರುತ್ತೆ. ಅಗಲ ಎತ್ತರ 4:3 ಇರಲಿ, ಎಳೆದು ಅಗಲ ಮಾಡಿ ಎಲ್ಲರ ಮುಖಾನೂ ಊದಿಸಬೇಡಿ.

ಜಾಹೀರಾತು, ಅನೌನ್ಸರ್ ಮಾತು, ವಾರ್ತೆ ಮುಂಚಿನ ಗಡಿಯಾರ, ಅಡಚಣೆಗಾಗಿ ಕ್ಷಮಿಸಿ ಅನ್ನೋ ಬೋರ್ಡು ಯಾವುದನ್ನೂ ಮಾಸ್ಟರಿನಿಂದ ತೆಗೀಬೇಡಿ. ಕಾರ್ಯಕ್ರಮ ಯಾವ ದಿನ ಬಂತು ಅಂತ ಕಂಡುಹಿಡಿಯೋಕೆ ಎಷ್ಟೋ ಸಲ ಅದೇ ಆಧಾರ, ಅರ್ಧ ನಿಮಿಷದ ವಾರ್ತೆ ತುಣುಕಲ್ಲಿ ಬಂದ ಒಂದು ಸುದ್ದಿ ಸಾಕು ಹಳೇ ಪೇಪರಲ್ಲಿ ಹುಡುಕಿ ತಾರೀಕು ಹಿಡಿಯೋಕೆ. ಪ್ರತಿ ಫೈಲಿನ ಜೊತೆ ಒಂದು ಸಾದಾ ಟೆಕ್ಸ್ಟ್ ಫೈಲ್ ಇಡಿ: ಟೇಪ್ ಯಾವ ಕಂಪನಿದು, ಚೀಟಿ ಮೇಲೆ ಏನು ಬರೆದಿತ್ತು ಅಕ್ಷರಕ್ಕೆ ಅಕ್ಷರ, ಯಾವ ಊರಲ್ಲಿ ರೆಕಾರ್ಡ್ ಮಾಡಿದ್ದು, ಯಾವ ವಿಸಿಆರು, ಎಷ್ಟನೇ ನಿಮಿಷಕ್ಕೆ ಏನಿದೆ, ಯಾವ ಕಂಪ್ಯೂಟರ್ ಕಾಣುತ್ತೆ. ಬಿಬಿಸಿ ಮೈಕ್ರೋ ಅಂತ ಬರೆಯೋ ಮುಂಚೆ ಹೆಸರಿನ ಪಟ್ಟಿ ನೋಡಿ, ಅದನ್ನೇ ನಮ್ಮ ದೇಶದ ಸೆಮಿಕಂಡಕ್ಟರ್ ಕಾಂಪ್ಲೆಕ್ಸ್‌ನವರು ಯೂನಿಕಾರ್ನ್ ಅಂತ ಮಾಡ್ತಿದ್ರು. ರೆಕಾರ್ಡ್ ಮಾಡಿದವರು ಇದ್ದಾಗಲೇ ಕೂರಿಸ್ಕೊಂಡು ಕೇಳಿ, ಮೇಷ್ಟ್ರೇ ಇದು ಯಾವಾಗಿಂದು, ಯಾಕೆ ರೆಕಾರ್ಡ್ ಮಾಡಿದ್ರಿ ಅಂತ, ಅವರ ಒಪ್ಪಿಗೆ ಕೇಳಿ ಫೋನಲ್ಲಿ ಅವರ ಮಾತನ್ನೂ ರೆಕಾರ್ಡ್ ಮಾಡ್ಕೊಳ್ಳಿ.

ಫೈಲು ಮೂರು ಕಡೆ ಇರಬೇಕು, ಅದರಲ್ಲಿ ಒಂದು ಬೇರೆ ಊರಲ್ಲಿ. ಮೈಸೂರಲ್ಲಿ ಒಂದು ಡಿಸ್ಕು, ಮಂಡ್ಯದ ನೆಂಟರ ಮನೆ ಬೀರುವಲ್ಲಿ ಇನ್ನೊಂದು, ಮೂರನೇದು ಕ್ಲೌಡಲ್ಲಿ ಆದ್ರೆ ಸಾಕು. ಎಸ್‌ಎಚ್‌ಎ-256 ಚೆಕ್‌ಸಮ್ (ಫೈಲಿನ ಬೆರಳಚ್ಚಿನಂಥ ಸಂಖ್ಯೆ) ತೆಗೆದಿಟ್ಟು ವರ್ಷಕ್ಕೊಂದ್ಸಲ ಡಿಸ್ಕು ಹೊರಗೆ ತೆಗೆದು ಹೋಲಿಸಿ.

ಅಪ್‌ಲೋಡ್ ಮಾಡೋ ಮುಂಚೆ ಕಾಪಿರೈಟ್ ನೋಡ್ಕೊಳ್ಳಿ. ನಮ್ಮ 1957ರ ಕಾಯ್ದೆ ಪ್ರಕಾರ ಪ್ರಸಾರದ ಹಕ್ಕು 25 ವರ್ಷಕ್ಕೆ ಮುಗಿಯುತ್ತೆ, ಆದ್ರೆ ಪ್ರಸಾರ ಆದ ಕಾರ್ಯಕ್ರಮಕ್ಕೇ ಬೇರೆ ಹಕ್ಕಿದೆ, ಅದು ಸಿನಿಮಾಗಿರೋ ಹಾಗೆ 60 ವರ್ಷ, ಅಂದ್ರೆ 1985ರ ಪಾಠ ಇನ್ನೂ ಒಬ್ಬರ ಆಸ್ತಿನೇ. ನಿಮ್ಮ ಟೇಪನ್ನ ನೀವು ನೋಡೋಕೆ ಅಂತ ಕಾಪಿ ಮಾಡ್ಕೊಳ್ಳೋದು ಒಂದು, ಲೋಕಕ್ಕೆಲ್ಲ ಹಾಕೋದು ಇನ್ನೊಂದು. ಲಾಭಕ್ಕೆ ನಡೆಸದ ಸಾರ್ವಜನಿಕ ಲೈಬ್ರರಿ ತನ್ನ ಹತ್ರ ಇರೋ ಟೇಪನ್ನ ಉಳಿಸೋಕೆ ಅಂತ ಡಿಜಿಟಲ್ ಮಾಡಿಡೋದಕ್ಕೆ 52ನೇ ಸೆಕ್ಷನ್ನಲ್ಲಿ ಅವಕಾಶ ಇದೆ, ಹಾಗಾಗಿ ಟೇಪನ್ನೇ ಅಂಥ ಲೈಬ್ರರಿಗೆ ಕೊಡೋದು ಒಳ್ಳೇ ದಾರಿ. ದೊಡ್ಡ ಪುಸ್ತಕದಷ್ಟು ದಪ್ಪ ಡಬ್ಬಿ, ಮುಕ್ಕಾಲು ಇಂಚಿನ ಟೇಪ್ ಸಿಕ್ಕಿದ್ರೆ ಅದು ಯು-ಮ್ಯಾಟಿಕ್, ಸ್ಟುಡಿಯೋದ್ದು, ಮನೇಲಿ ಮುಟ್ಟೋ ವಸ್ತು ಅಲ್ಲ. ಯುಜಿಸಿಗೆ ಕಾರ್ಯಕ್ರಮ ಮಾಡೋ ಕೇಂದ್ರ ಮೈಸೂರು ವಿಶ್ವವಿದ್ಯಾನಿಲಯದ ಮಾನಸಗಂಗೋತ್ರಿಲೇ ಇದೆ, ಅಂಥವರನ್ನ ಕೇಳಿ.

ಕ್ಯಾಪ್ಚರ್ ಆದ ಮೇಲೂ ಟೇಪ್ ಬಿಸಾಡಬೇಡಿ, ನಾಳೆ ಇದಕ್ಕಿಂತ ಚೆನ್ನಾಗಿ ತೆಗೆಯೋ ದಾರಿ ಬರಬಹುದು. ಪೂರ್ತಿ ಒಂದು ಬದಿಗೆ ಸುತ್ತಿ, ಪುಸ್ತಕದ ಹಾಗೆ ನಿಲ್ಲಿಸಿ, ಅಟ್ಟಕ್ಕಲ್ಲ, ಮನೆ ಒಳಗಿನ ತಂಪಾದ ಬೀರುಗೆ.